ಗಂಗೂಳ ನಾಲ್ಕು ನೆಗೆಟಿವ್

ಶಹಾಬಾದಿನ ಖಾಜಾಮಿಯಾ ಫೋನು ಮಾಡಿದಾಗ ನಾಗರತ್ನಾ ಚಿತ್ತಾಪುರದ ಹೈಸ್ಕೂಲಿನ ಸ್ಟಾಫ್ ರೂಮಿನಲ್ಲಿ ಹಿಂದಿ ಉತ್ತರಪತ್ರಿಕೆ ತಿದ್ದುತ್ತ ಕೂತಿದ್ದಳು. ಆ ಹೆಸರು ಆಕೆಗೆ ಕೂಡಲೇ ಹೊಳೆಯಲಿಲ್ಲ. ಮುದುಕ ಸಾವಕಾಶವಾಗಿ ತನ್ನ ಗುರುತು ಹೇಳಿಕೊಂಡ. ಶಹಾಬಾದಿನ ಸ್ಟೇಷನ್ ರಸ್ತೆಯಲ್ಲಿ ಫೋಟೊ ಸ್ಟುಡಿಯೊ ಇಟ್ಟುಕೊಂಡಿದ್ದವನು ತಾನು; ಈಗ ಕಣ್ಣು ಅಷ್ಟಾಗಿ ಕಾಣುವುದಿಲ್ಲ; ಅಂಗಡಿಯಲ್ಲಿ ಅಳಿಯ ಮೊಬೈಲ್ ರಿಪೇರಿ ಶುರು ಮಾಡುತ್ತಿದ್ದಾನೆ. ಅಟ್ಟದ ಮೇಲಿದ್ದ ಹಳೆಯ ನೆಗೆಟಿವ್‌ಗಳನ್ನೆಲ್ಲ ಕಿತ್ತುಹಾಕುವ ಮೊದಲು ಗುರುತಿನವರಿಗೆ ಒಂದು ಮಾತು ಕೇಳೋಣವೆಂದು ಫೋನು ಮಾಡಿದ್ದ. ಒಂದು ಲಕೋಟೆಯ ಮೇಲೆ ಆಕೆಯ ಗಂಡ, ವಾಡಿಯ ರೈಲ್ವೆ ಬಸವಂತರಾಯರ ಹೆಸರಿದೆಯಂತೆ.

"ಕೂಸಿನ ಹುಟ್ಟಹಬ್ಬದ್ದು ಅದ ಟೀಚರಮ್ಮ," ಎಂದ. "ಒಂದು ದೊಡ್ಡದು ಮಾಡಿ ಕೊಡು ಅಂತ ರಾಯರು ಕೊಟ್ಟು ಹೋಗಿದ್ರು. ಆಮ್ಯಾಲ ಯಾರೂ ಬರಲಿಲ್ಲ. ನಾನೂ ಕೇಳಲಿಲ್ಲ. ಹೆಂಗ ಕೇಳ್ಬೇಕು, ಹೇಳ್ರಿ."

ನಾಗರತ್ನಾ ಕೆಂಪು ಪೆನ್ನನ್ನು ಕೆಳಗಿಟ್ಟಳು. ಇಟ್ಟಿರಿ, ಬಂದು ಒಯ್ಯುತ್ತೇನೆ ಎಂದಷ್ಟೇ ಹೇಳಿದಳು. ಆಮೇಲೆ ಉಳಿದ ಪತ್ರಿಕೆಗಳನ್ನು ತಿದ್ದಿದಳಾದರೂ, ಮನೆಗೆ ಹೋಗುವ ರೈಲಿನಲ್ಲಿ ಯಾರಿಗೆ ಎಷ್ಟು ಅಂಕ ಕೊಟ್ಟೆನೆಂಬುದು ಒಂದೂ ನೆನಪಿರಲಿಲ್ಲ.

ಆ ಕೂಸಿನ ಹೆಸರು ಶಿವಗಂಗಾ. ಮನೆಯಲ್ಲಿ ಗಂಗೂ ಅನ್ನುತ್ತಿದ್ದರು. ನಾಗರತ್ನಾಳ ಮೊದಲ ಮಗಳು. ನಾಲ್ಕು ತುಂಬುವ ಮೊದಲೇ ಮಿದುಳು ಜ್ವರ ಬಂದು, ಎರಡೇ ದಿನದಲ್ಲಿ ಹೋಗಿಬಿಟ್ಟಳು. ಆಗ ಸಂಗಮೇಶ್ವರ ಹೊಟ್ಟೆಯಲ್ಲಿದ್ದ. ಮಣ್ಣು ಮಾಡಿ ಬಂದ ಮೇಲೆ ನಾಗರತ್ನಾ ಅಲ್ಬಮ್ಮನ್ನು ತೊಡೆಯ ಮೇಲಿಟ್ಟುಕೊಂಡು ಕೂತಳೆಂದರೆ ಏಳುತ್ತಿರಲಿಲ್ಲ. ಅನ್ನ ಮುಂದಿಟ್ಟರೆ ಹಾಗೇ ಆರಿ ಹೋಗುತ್ತಿತ್ತು. ಅತ್ತೆ ಮಹಾದೇವಮ್ಮ ಕೆಲವು ದಿನ ನೋಡಿದಳು. ಹೀಗೇ ಬಿಟ್ಟರೆ ಹೊಟ್ಟೆಯಲ್ಲಿದ್ದದ್ದೂ ಉಳಿಯುವುದಿಲ್ಲವೆಂದು ಹೆದರಿದ ಆಕೆ ಒಂದು ಬೆಳಿಗ್ಗೆ ಅಲ್ಬಮ್ಮು, ಚೌಕಟ್ಟಿನ ಫೋಟೊ, ಕೂಸಿನ ಅಂಗಿಗಳನ್ನೆಲ್ಲ ಒಂದು ಸೀರೆಯಲ್ಲಿ ಕಟ್ಟಿ ಕಾಗಿಣಾ ಹೊಳೆಗೆ ಬಿಟ್ಟುಬಂದಳು. ಅದನ್ನೇನೂ ಮುಚ್ಚಿಡಲಿಲ್ಲ. ಬಂದು ಸೊಸೆಯ ಮುಂದೆಯೇ ಹೇಳಿ, ತಾನೂ ಅತ್ತಳು. ಆಮೇಲೆ ಹಾಸಿಗೆ ಹಿಡಿದು ಸಾಯುವವರೆಗೂ ಮಹಾದೇವಮ್ಮನ ಸೇವೆ ಮಾಡಿದವಳು ನಾಗರತ್ನಾಳೇ. ಆ ಮಾತನ್ನು ಒಮ್ಮೆಯೂ ತೆಗೆಯಲಿಲ್ಲ. ಬಸವಂತರಾಯನಂತೂ ಮಗಳ ಹೆಸರನ್ನೇ ಎತ್ತುವುದನ್ನು ಬಿಟ್ಟ. ಮಗ ಹುಟ್ಟಿ ಬೆಳೆದ, ಓದಿದ, ಕೃಷಿ ಇಲಾಖೆಯಲ್ಲಿ ಕೆಲಸ ಸಿಕ್ಕು ಚಿಂಚೋಳಿಗೆ ಹೋದ. ತನಗೊಬ್ಬಳು ಅಕ್ಕ ಇದ್ದಳೆಂದು ಅವನಿಗೆ ಗೊತ್ತಿತ್ತು. ಅದಕ್ಕಿಂತ ಹೆಚ್ಚೇನೂ ಗೊತ್ತಿರಲಿಲ್ಲ.

ನಾಗರತ್ನಾ ಯಾರಿಗೂ ಹೇಳದ ಸಂಗತಿಯೊಂದಿತ್ತು. ಮಗಳ ಮುಖ ಆಕೆಗೆ ಮರೆತುಹೋಗಿತ್ತು. ಕೈಯ ಬಿಸಿ ನೆನಪಿತ್ತು, ತಲೆಗೆ ಎಣ್ಣೆ ಹಚ್ಚಿದ ವಾಸನೆ ನೆನಪಿತ್ತು, ಕಿವಿಯ ಹಿಂದಿನ ಮಚ್ಚೆ ನೆನಪಿತ್ತು. ಮುಖ ತಂದುಕೊಳ್ಳಹೋದರೆ ಚಿಕ್ಕವನಿದ್ದಾಗಿನ ಮಗ ಸಂಗೂನ ಮುಖ ಬಂದು ನಿಲ್ಲುತ್ತಿತ್ತು.

ಮುಂದಿನ ರವಿವಾರ ಆಕೆ ಒಬ್ಬಳೇ ಶಹಾಬಾದಿಗೆ ಹೋಗಿ ಲಕೋಟೆ ತಂದಳು. ಖಾಜಾಮಿಯಾ ಚಹಾ ತರಿಸಿದ. ಅಟ್ಟದ ಹೆಂಚು ಸೋರಿ ಬಹಳಷ್ಟು ಹಾಳಾಗಿದೆ, ಇದಕ್ಕೂ ಬೂಸಲು ಹಿಡಿದಿರಬಹುದು, ತನಗೆ ಕಾಣುವುದಿಲ್ಲ ಎಂದು ಮೊದಲೇ ಹೇಳಿದ. ನಾಗರತ್ನಾ ಅಂಗಡಿಯ ಬಾಗಿಲಲ್ಲೇ ಲಕೋಟೆ ಬಿಚ್ಚಿ ಬಿಸಿಲಿಗೆ ಹಿಡಿದಳು. ನಾಲ್ಕು ಚಿತ್ರಗಳ ಒಂದು ಪಟ್ಟಿ. ಕಂದು ಬಣ್ಣದ ಫಿಲ್ಮಿನೊಳಗೆ ಬೆಳ್ಳಗಿನ ಕೂದಲಿನ, ಕಪ್ಪು ಮುಖದ ಒಂದು ಸಣ್ಣ ಆಕಾರ. ಕಣ್ಣುಗಳಿದ್ದ ಕಡೆ ಎರಡು ಬಿಳಿ ಚುಕ್ಕೆ. ಅದು ಮಗುವೋ ಮುದುಕಿಯೋ ಎಂದು ಕೂಡ ಹೇಳುವಂತಿರಲಿಲ್ಲ.

ಸಂಜೆ ಬಸವಂತರಾಯನ ಮುಂದೆ ಪಟ್ಟಿಯನ್ನಿಟ್ಟು, ಎಲ್ಲಿಂದ ಬಂತೆಂದು ಹೇಳಿದಳು. ವಾಡಿ ಸ್ಟೇಷನ್ನಿನ ಟಿಕೆಟ್ ಕೌಂಟರಿನಲ್ಲಿ ವಯಸ್ಸು ಕಳೆದು ಈಚೆಗೆ ನಿವೃತ್ತನಾದ ಮನುಷ್ಯ ಆತ. ಪಟ್ಟಿಯನ್ನು ಮುಟ್ಟಲಿಲ್ಲ. ಚಪ್ಪಲಿ ಮೆಟ್ಟಿಕೊಂಡು ಸ್ಟೇಷನ್ ಕಡೆ ನಡೆದುಬಿಟ್ಟ. ಊಟದ ಹೊತ್ತಿಗೆ ಬಂದು, ಜೋಳದ ರೊಟ್ಟಿ ಮುರಿಯುತ್ತ ಸೊಲ್ಲಾಪುರ ಪ್ಯಾಸೆಂಜರ್ ತಡವಾಗಿದೆ ಎಂದ. ನಾಗರತ್ನಾ ಹೂಂಗುಟ್ಟಿದಳು.

ಕಲಬುರ್ಗಿಯಲ್ಲಿ ವಿಚಾರಿಸಿದರೆ, ಈಗ ನೆಗೆಟಿವ್‌ನಿಂದ ಪ್ರಿಂಟು ತೆಗೆಯುವುದೂ ಇಲ್ಲ, ಸ್ಕ್ಯಾನ್ ಮಾಡುವ ಯಂತ್ರವೂ ಇಲ್ಲ, ಹೈದರಾಬಾದಿಗೆ ಕಳಿಸಬೇಕು ಎಂದರು. ಇದ್ದದ್ದೊಂದೇ ಪಟ್ಟಿಯನ್ನು ಕೊರಿಯರಿನವರ ಕೈಗೆ ಕೊಡಲು ಆಕೆಗೆ ಧೈರ್ಯ ಬರಲಿಲ್ಲ. ಮಗನಿಗೆ ಫೋನು ಹಚ್ಚಿದಳು. ಅವನು ಹೊಲಗಳ ಸರ್ವೆಯಲ್ಲಿದ್ದ. ನೆಗೆಟಿವ್ ಯಾವುದರದ್ದೆಂದು ಕೇಳಿ ತಿಳಿದುಕೊಂಡ. ಆಮೇಲೆ, ಅದಕ್ಕೊಂದು ಆ್ಯಪ್ ಇರುತ್ತದೆ, ಹಿಂದಿನಿಂದ ಬಿಳಿ ಬೆಳಕು ಕೊಟ್ಟು ಫೋಟೊ ಹೊಡೆದರೆ ಅದೇ ತಿರುಗಿಸಿ ಬಣ್ಣದ ಚಿತ್ರ ಮಾಡಿಕೊಡುತ್ತದೆ, ಕಳಿಸುತ್ತೇನೆ ಎಂದ. ಕೇಳಿದರೆ ಭಾಳ ಸುಲಭವಿತ್ತು.

ಮುಂದಿನ ಸೋಮವಾರ ಶಾಲೆ ಮುಗಿಸಿ ಬಂದು, ಮೊಣಕಾಲಿಗೆ ಎಣ್ಣೆ ತಿಕ್ಕಿಕೊಂಡು, ಆಕೆ ಕೆಲಸಕ್ಕೆ ಕೂತಳು. ಗಂಡನ ಫೋನಿನ ಪರದೆಯನ್ನು ಬೆಳ್ಳಗೆ ಮಾಡಿ ಅದರ ಮೇಲೆ ಪಟ್ಟಿಯಿಟ್ಟು, ತನ್ನ ಫೋನಿನಿಂದ ಹೊಡೆದಳು. ಚಿತ್ರದ ತುಂಬ ಸೊಳ್ಳೆಪರದೆ ಹೊದಿಸಿದಂತೆ ಸಣ್ಣ ಸಣ್ಣ ಚೌಕ ಬಂದವು. ಪಟ್ಟಿಯನ್ನು ಎಲ್ಲಿ ಸರಿಸಿದರೂ ಚೌಕ ಹೋಗಲಿಲ್ಲ. ಒಂದೊಂದು ಚಿತ್ರ ಹೊಡೆದಾಗಲೂ ಆ್ಯಪಿನಲ್ಲಿ ಇಸ್ಪೀಟಾಟದ ಜಾಹೀರಾತು ಬಂದು, ಅದು ಮುಗಿಯುವವರೆಗೆ ಕಾಯಬೇಕಿತ್ತು. ಮಗನನ್ನು ಕೇಳಿದಾಗ, ಅವು ಕೆಳಗಿನ ಪರದೆಯ ಚುಕ್ಕೆಗಳು, ಪಟ್ಟಿಯನ್ನು ಸ್ವಲ್ಪ ಎತ್ತರದಲ್ಲಿ ಹಿಡಿದರೆ ಹೋಗುತ್ತವೆ ಎಂದ. ಎರಡು ಬೆಂಕಿಪೊಟ್ಟಣ ಇಟ್ಟು ಎತ್ತರಿಸಿದಳು. ಚೌಕ ಹೋದವು, ಆದರೆ ಪಟ್ಟಿ ಸುರುಳಿ ಸುತ್ತಿಕೊಂಡಿತು.

ಮರುದಿನ ಅದನ್ನು ಎರಡು ಕಾಗದಗಳ ನಡುವೆ ಇಟ್ಟು ಮೇಲೆ ನಿಘಂಟುಗಳನ್ನು ಹೇರಿದಳು. ಚಪ್ಪಟೆಯಾಯಿತೆಂದು ತೆಗೆದರೆ ಮತ್ತೆ ಮಡಚಿಕೊಂಡಿತು. ದೇವರ ಫೋಟೊದ ಗಾಜು ಬಿಚ್ಚಿ ಮೇಲಿಟ್ಟಳು. ಈಗ ನೀರಿನ ಮೇಲೆ ಎಣ್ಣೆ ಚೆಲ್ಲಿದಂತೆ ಬಣ್ಣಬಣ್ಣದ ಉಂಗುರಗಳು ಮೂಡಿದವು. ಗಾಜು ತೆಗೆದು, ಹಳೆಯ ಲಗ್ನಪತ್ರಿಕೆಯ ರಟ್ಟಿನಲ್ಲಿ ಚಿತ್ರದಳತೆಯ ಕಿಂಡಿ ಕೊರೆದು, ಎರಡು ರಟ್ಟುಗಳ ನಡುವೆ ಪಟ್ಟಿಯನ್ನು ಸಿಕ್ಕಿಸಿದಳು. ಅದು ಸರಿಹೋಯಿತು. ಆದರೆ ಫೋನು ಹತ್ತಿರ ಒಯ್ದರೆ ಮಸುಕು, ದೂರ ಒಯ್ದರೆ ಚಿತ್ರ ಉಗುರಿನಷ್ಟು. ಉಸಿರು ಬಿಗಿಹಿಡಿದು ಒತ್ತಿದರೂ ಕೈ ಅಲುಗುತ್ತಿತ್ತು. ಕೊನೆಗೆ ಸ್ಟೀಲಿನ ಡಬ್ಬಿಗಳನ್ನು ಎರಡೂ ಕಡೆ ಇಟ್ಟು, ಅವುಗಳ ಮೇಲೆ ಫೋನು ಮಲಗಿಸಿ, ತಾನಾಗಿ ಹೊಡೆಯುವಂತೆ ಟೈಮರ್ ಇಟ್ಟಳು. ಗಂಡನ ಫೋನಿನ ಬೆಳಕು ಸಾಲದೆಂದು ಎಲ್ಇಡಿ ಬಲ್ಬಿನ ಕೆಳಗೆ ಬಿಳಿ ಕಾಗದವಿಟ್ಟು ನೋಡಿದರೆ ಚಿತ್ರದಲ್ಲಿ ಅಡ್ಡಡ್ಡ ಕಪ್ಪು ಪಟ್ಟೆ ಬಂದವು. ಅಷ್ಟರಲ್ಲಿ ಕರೆಂಟು ಹೋಯಿತು. ಕತ್ತಲಲ್ಲಿ ಗೋಡೆಗೆ ಒರಗಿ ಕೂತವಳಿಗೆ ಎದ್ದು ಬಾಗಿಲು ತೆರೆಯುವುದಕ್ಕೂ ಬೇಸರವಾಯಿತು. ಬಸವಂತರಾಯ ಒಳಬಂದು, ಊಟವಾಯಿತೇ ಎಂದು ಕೇಳಿದ. ಇಲ್ಲವೆಂದಳು. ಆತ ತಾನೇ ಅನ್ನಕ್ಕೆ ಮಜ್ಜಿಗೆ ಕಲಸಿ ತಂದು ಮುಂದಿಟ್ಟ. ಡಬ್ಬಿಗಳ ಕಡೆ ಮಾತ್ರ ನೋಡಲಿಲ್ಲ.

ಹಗಲು ಬೆಳಕೇ ಒಳ್ಳೆಯದೆಂದು ಮಗ ಹೇಳಿದ ಮೇಲೆ ಆಕೆ ಬೆಳಿಗ್ಗೆ ರೈಲಿಗೆ ಹೊರಡುವ ಮೊದಲು ಪೂರ್ವದ ಕಿಟಕಿಯ ಹತ್ತಿರ ಕೂರತೊಡಗಿದಳು. ಕಿಟಕಿಯ ಗಾಜಿಗೆ ಬೆಣ್ಣೆಕಾಗದ ಅಂಟಿಸಿ, ಅದರ ಮುಂದೆ ರಟ್ಟನ್ನು ನಿಲ್ಲಿಸಿದಳು. ಬೆಳಕು ಹದವಾಗಿ ಬಂತು. ಆಗ ಮೊದಲ ಸಲ ಚಿತ್ರ ತಿರುಗಿ ಮನುಷ್ಯರು ಕಂಡರು. ಆದರೆ ಎಲ್ಲರೂ ನೀಲಿಯಾಗಿದ್ದರು. ಮತ್ತು ಚಿತ್ರದ ಮೇಲೆಲ್ಲ ಬೂಸಲು ಬಿಳಿ ಬೇರುಗಳಂತೆ ಹರಡಿತ್ತು.

ಆ ಬೂಸಲನ್ನು ಕಂಡು ಆಕೆ ಮಾಡಿದ ಕೆಲಸವೇ ಕೆಟ್ಟದ್ದಾಯಿತು. ಕನ್ನಡಕ ಒರೆಸುವ ಮೆತ್ತನೆಯ ಬಟ್ಟೆಯ ತುದಿಯನ್ನು ನೀರಿಗೆ ಅದ್ದಿ, ಹಿಂಡಿ, ಪಟ್ಟಿಯ ಕೊನೆಯ ಚಿತ್ರದ ಮೇಲೆ ಹಗುರವಾಗಿ ಒಮ್ಮೆ ಎಳೆದಳು. ಬಟ್ಟೆಗೆ ಕಂದು ಬಣ್ಣ ಹತ್ತಿತು. ಕೊಳೆ ಬಂತೆಂದು ತಿಳಿದು ಮತ್ತೊಮ್ಮೆ ಎಳೆದಳು. ಕಿಟಕಿಗೆ ಹಿಡಿದು ನೋಡಿದರೆ ಅಲ್ಲಿ ಚಿತ್ರವೇ ಇರಲಿಲ್ಲ. ಬೂಸಲು ತಿಂದ ಲೇಪ ನೀರು ತಾಗಿದ ಕೂಡಲೇ ಕರಗಿ ಬಟ್ಟೆಗೆ ಬಂದುಬಿಟ್ಟಿತ್ತು. ಉಳಿದದ್ದು ಬೋಳು ಫಿಲ್ಮು, ಅಂಚಿನಲ್ಲಿ ಯಾರದೋ ಭುಜದ ಒಂದು ತುಣುಕು. ಮೊದಲು ಬಲ್ಬಿನ ಬೆಳಕಿನಲ್ಲಿ ಮಸುಕು ಮಸುಕಾಗಿ ತೆಗೆದಿದ್ದನ್ನು ಫೋನಿನಲ್ಲಿ ಹುಡುಕಿದಳು. ಅಪ್ಪನ ಹೆಗಲ ಮೇಲೆ ಕೂತ ಗಂಗೂ. ಅಷ್ಟೇ ತಿಳಿಯುತ್ತಿತ್ತು, ಮುಖವಿರಬೇಕಾದಲ್ಲಿ ಬಲ್ಬಿನ ಕಪ್ಪು ಪಟ್ಟೆಯಿತ್ತು.

ಆ ದಿನ ನಾಗರತ್ನಾ ಶಾಲೆಗೆ ರಜೆ ಹಾಕಿದಳು. ಸಂತೆಯಿಂದ ಬಂದ ಬಸವಂತರಾಯ, ಆಕೆ ಕಿಟಕಿಯ ಕೆಳಗೆ ನೆಲದ ಮೇಲೆ ಕೂತಿದ್ದನ್ನು ಕಂಡು ಏನಾಯಿತೆಂದು ಕೇಳಿದ.

"ನಿಮ್ಮ ಹೆಗಲ ಮ್ಯಾಲ ಕುಂತಿದ್ಳು," ಎಂದಳು. "ನಾ ಒರಸಿಬಿಟ್ಟೆ."

ಆತ ಕಾಯಿಪಲ್ಲೆಯ ಚೀಲ ಕೆಳಗಿಟ್ಟ. ಬಟ್ಟೆಯ ಮೇಲಿನ ಕಂದು ಕಲೆಯನ್ನು ನೋಡಿದ. ಗೋಡೆ ಹಿಡಿದುಕೊಂಡು ಆಕೆಯ ಪಕ್ಕದಲ್ಲಿ ಕೂತ. ಆಮೇಲೆ, ಉಳಿದವು ಎಷ್ಟು ಎಂದು ಕೇಳಿದ. ಮೂರು ಎಂದಳು. ಅವುಗಳನ್ನು ಮುಟ್ಟಬೇಡ, ಇದ್ದ ಹಾಗೇ ತೆಗೆಯೋಣ ಎಂದ. ಆತ 'ತೆಗೆಯೋಣ' ಎಂದದ್ದನ್ನು ನಾಗರತ್ನಾ ಕೇಳಿಸಿಕೊಂಡಳು, ಆದರೆ ಮುಖವೆತ್ತಿ ನೋಡಲಿಲ್ಲ.

ಆವತ್ತಿನಿಂದ ಬೆಳಗಿನ ಕೆಲಸಕ್ಕೆ ಇಬ್ಬರಾದರು. ಆತ ರಟ್ಟು ಹಿಡಿಯುತ್ತಿದ್ದ, ಆಕೆ ಫೋನು ನೋಡಿಕೊಳ್ಳುತ್ತಿದ್ದಳು. ಮೂರರಲ್ಲಿ ಒಂದರಲ್ಲಿ ಕೂಸು ಅಜ್ಜಿಯ ಸೆರಗಿನಲ್ಲಿ ಮುಖ ಮುಚ್ಚಿಕೊಂಡಿತ್ತು. ಇನ್ನೊಂದರಲ್ಲಿ ಅಳುತ್ತ ತಲೆ ಅಲ್ಲಾಡಿಸಿದ್ದರಿಂದ ಮುಖ ಕದಡಿಹೋಗಿತ್ತು. ಒಂದರಲ್ಲಿ ಮಾತ್ರ ಅಂಗಳದಲ್ಲಿ ಒಬ್ಬಳೇ ನಿಂತು ನೇರವಾಗಿ ನೋಡುತ್ತಿದ್ದಳು. ಹಿಂದೆ ರೈಲ್ವೆ ಕ್ವಾರ್ಟರ್ಸಿನ ಬಾಗಿಲು, ಬಾಗಿಲ ಮೇಲೆ ಮನೆಯ ನಂಬರು. ಬೂಸಲು ಹಣೆಯಿಂದ ಒಂದು ಕೆನ್ನೆಯವರೆಗೆ ಇಳಿದಿತ್ತು. ಎರಡು ಕಣ್ಣು, ಮೂಗು, ಬಾಯಿ ಉಳಿದಿದ್ದವು.

ನಾಗರತ್ನಾ ಆ ಮುಖವನ್ನು ದೊಡ್ಡದು ಮಾಡಿ ನೋಡಿದಳು. ಎದೆಯಲ್ಲಿ ಏನೂ ಆಗಲಿಲ್ಲ. ಯಾರೋ ಪರರ ಮನೆಯ ಕೂಸಿನಂತೆ ಕಂಡಿತು. ದೃಷ್ಟಿಬೊಟ್ಟು ಎಡಗೆನ್ನೆಗೆ ಇತ್ತು. ತಾನು ಯಾವಾಗಲೂ ಬಲಕ್ಕೆ ಇಡುತ್ತಿದ್ದೆನಲ್ಲ ಎಂದುಕೊಂಡಳು. ಖಾಜಾಮಿಯಾ ಕಣ್ಣು ಕಾಣದೆ ಬೇರೆಯವರ ಲಕೋಟೆ ಕೊಟ್ಟಿರಬಹುದೇ ಎಂಬ ಅನುಮಾನ ಕೂಡ ಬಂತು. ಬಸವಂತರಾಯ ಬಗ್ಗಿ ನೋಡಿ, ಬಾಗಿಲಿನ ನಂಬರಿನ ಮೇಲೆ ಬೆರಳಿಟ್ಟ.

"ಇದು ಉಲ್ಟಾ ಅದ," ಎಂದ. "ನಮ್ಮ ಮನಿ ನಂಬರ ನೋಡು, ಕನ್ನಡಿಯೊಳಗ ನೋಡಿದಂಗ ಬಂದಾದ. ಪಟ್ಟಿ ಹಿಂದುಮುಂದು ಆಗ್ಯಾದ."

ಪಟ್ಟಿಯ ಮಿರುಗುವ ಮೈ ಯಾವ ಕಡೆ ಇರಬೇಕೆಂಬುದು ಇಷ್ಟು ದಿನ ಆಕೆಯ ಲಕ್ಷ್ಯಕ್ಕೇ ಬಂದಿರಲಿಲ್ಲ. ತಿರುಗಿಸಿ ಹೊಡೆದರು. ಬೊಟ್ಟು ಬಲಗೆನ್ನೆಗೆ ಬಂತು, ಬಾಗಿಲು ತನ್ನ ಜಾಗಕ್ಕೆ ಬಂತು. ನೀಲಿ ಮಾತ್ರ ಹೋಗಲಿಲ್ಲ. ಆ್ಯಪಿನಲ್ಲಿ ಬಣ್ಣದ ಫಿಲ್ಮಿನ ಕಂದನ್ನು ಕಳೆಯುವ ಗುಂಡಿ ಒತ್ತಿರಲಿಲ್ಲವೆಂದು ಮಗ ಫೋನಿನಲ್ಲಿ ಕಂಡುಹಿಡಿದ. ಅದನ್ನು ಒತ್ತಿದರು. ಆಗ ನೀಲಿ ಹೋಗಿ ಹಸಿರು ಬಂತು. ರಟ್ಟಿನ ಸಂದಿಯಿಂದ ಸೋರುತ್ತಿದ್ದ ಬೆಳಕನ್ನು ಕಪ್ಪು ಕಾಗದ ಅಂಟಿಸಿ ತಡೆದರು. ಹಸಿರು ಕಡಿಮೆಯಾಯಿತು. ಇನ್ನು ಉಳಿದದ್ದನ್ನು ಕೈಯಿಂದಲೇ ಸರಿಮಾಡಬೇಕೆಂದು ಮಗ ಹೇಳಿದ. ಹೇಗೆ ಮಾಡುವುದೆಂದರೆ, ಫ್ರಾಕಿನ ಬಣ್ಣ ಯಾವುದಿತ್ತೋ ಅದು ಬರುವವರೆಗೆ ಆ್ಯಪಿನಲ್ಲಿ ಬಣ್ಣ ಹೆಚ್ಚು-ಕಡಿಮೆ ಮಾಡುವ ಅಡ್ಡಗೆರೆಯ ಮೇಲಿನ ಚುಕ್ಕೆಯನ್ನು ಸರಿಸುತ್ತ ಹೋಗಬೇಕು.

ಫ್ರಾಕು ಕೆಂಪಗಿತ್ತೆಂದು ನಾಗರತ್ನಾ ಹೇಳಿದಳು. ಬಸವಂತರಾಯ ಒಪ್ಪಲಿಲ್ಲ. ಹಳದಿಯದು, ಸೇಡಂ ಬಜಾರಿನಲ್ಲಿ ತಾನೇ ಆರಿಸಿ ತಂದದ್ದು ಎಂದ. ಆಕೆ ಚುಕ್ಕೆ ಸರಿಸಿದರೆ ಫ್ರಾಕು ಕೆಂಪಾಗುತ್ತಿತ್ತು. ಆತ ಸರಿಸಿದರೆ ಹಳದಿಯಾಗುತ್ತಿತ್ತು. ಆ್ಯಪು ಇಬ್ಬರ ಮಾತಿಗೂ ಹೂಂ ಅನ್ನುತ್ತಿತ್ತು. ಎರಡು ಬೆಳಗು ಇದರಲ್ಲೇ ಕಳೆದವು. ಆಮೇಲೆ ಬಸವಂತರಾಯ ಚಿತ್ರದಲ್ಲಿ ಕೂಸಿನ ಕಾಲ ಕೆಳಗಿನ ನೆಲ ತೋರಿಸಿದ. ಅಂಗಳಕ್ಕೆ ಹಾಸಿದ್ದು ಶಹಾಬಾದಿ ಪರಶಿ. ಅದೇ ಕಲ್ಲು ಈಗ ಅವರ ಪಡಸಾಲೆಯಲ್ಲೂ ಇತ್ತು. ಆ ಬೂದಿ ಬಣ್ಣದಲ್ಲಿ ತಕರಾರಿಲ್ಲವಲ್ಲ, ಮೊದಲು ಅದನ್ನು ಸರಿಮಾಡು ಎಂದ. ಫೋನನ್ನು ನೆಲದ ಪಕ್ಕದಲ್ಲೇ ಇಟ್ಟುಕೊಂಡು, ಚಿತ್ರದ ಕಲ್ಲೂ ಮನೆಯ ಕಲ್ಲೂ ಒಂದೇ ಆಗುವವರೆಗೆ ಆಕೆ ಚುಕ್ಕೆ ಸರಿಸಿದಳು. ಬಾಗಿಲಿಗೆ ಹಸಿರು ಪೇಂಟು ಬಂತು. ಕೂಸಿನ ಕೈಕಾಲಿಗೆ ಮನುಷ್ಯರ ಮೈಬಣ್ಣ ಬಂತು. ಫ್ರಾಕು ಕೆಂಪೂ ಆಗಲಿಲ್ಲ, ಹಳದಿಯೂ ಆಗಲಿಲ್ಲ, ಅಬ್ಬಲಿ ಹೂವಿನ ಕೇಸರಿ ಬಣ್ಣವಾಯಿತು.

ಇದು ಕೆಂಪಿನ ಕಡೆಗೇ ಇದೆ ಎಂದಳು ನಾಗರತ್ನಾ. ಹಳದಿಯ ಕಡೆಗಿದೆ ಎಂದ ಬಸವಂತರಾಯ. ಇಬ್ಬರೂ ದಣಿದಿದ್ದರು. ಅಲ್ಲಿಗೇ ಬಿಟ್ಟರು.

ಚಿತ್ರ ಸರಿಯಾಗಿ ಬಂದಿತ್ತು. ಆದರೂ ಆಕೆ ಎಷ್ಟು ಸಲ ನೋಡಿದರೂ, ಇವಳು ನನ್ನ ಮಗಳು ಎಂದು ಮನಸ್ಸು ಹೇಳಲಿಲ್ಲ. ಇಷ್ಟು ದಿನ ಒದ್ದಾಡಿದ್ದು ಇದಕ್ಕೇನಾ ಎನಿಸಿತು. ಅಳು ಬಂದಿದ್ದರೂ ಒಳ್ಳೆಯದಿತ್ತು. ಕಣ್ಣು ಉರಿಯುತ್ತಿತ್ತು, ಅಷ್ಟೇ. ಗಂಡನಿಗೆ ಇದನ್ನು ಹೇಗೆ ಹೇಳುವುದೆಂದು ತಿಳಿಯಲಿಲ್ಲ. ಚಿತ್ರವನ್ನು ಮಗನಿಗೆ ಕಳಿಸಿ, ಚೀಲ ಹೆಗಲಿಗೇರಿಸಿಕೊಂಡು ಸ್ಟೇಷನ್ನಿಗೆ ಹೋದಳು.

ಆವತ್ತು ಸಂಜೆ ಚಿತ್ತಾಪುರದಿಂದ ಬರುವ ರೈಲಿನಲ್ಲಿ ನಿಲ್ಲಲೂ ಜಾಗವಿರಲಿಲ್ಲ. ಬಾಗಿಲ ಹತ್ತಿರ ಕಂಬಿಗೆ ಒರಗಿ ನಿಂತಿದ್ದಾಗ ಫೋನು ಮೇಲಿಂದ ಮೇಲೆ ಗುಂಯ್ಗುಟ್ಟಿತು. ಮನೆತನದವರ ವಾಟ್ಸಾಪ್ ಗುಂಪಿನಲ್ಲಿ ಸಂಗಮೇಶ್ವರ ಒಂದು ಫೋಟೊ ಹಾಕಿದ್ದ. 'ನಮ್ಮ ಅಕ್ಕ ಶಿವಗಂಗಾ' ಎಂದು ಕೆಳಗೆ ಬರೆದಿದ್ದ. ಭಂಕೂರಿನ ನಾದಿನಿ, ಕುರಕುಂಟಾದ ಮೈದುನ, ಎಲ್ಲರೂ ಕೈಮುಗಿದ ಗುರುತು ಹಾಕಿ, ಎಂಥಾ ಲಕ್ಷಣದ ಕೂಸು, ದೇವರಿಗೆ ಕಣ್ಣಿಲ್ಲ ಎಂದೆಲ್ಲ ಬರೆದಿದ್ದರು.

ಫೋಟೊದಲ್ಲಿ ಬೂಸಲಿರಲಿಲ್ಲ. ಹಣೆ, ಕೆನ್ನೆ ಬೆಣ್ಣೆಯಂತೆ ನುಣುಪಾಗಿದ್ದವು. ಕಣ್ಣುಗಳು ಸಮನಾಗಿ, ದೊಡ್ಡದಾಗಿ ಹೊಳೆಯುತ್ತಿದ್ದವು. ಅರೆತೆರೆದ ಬಾಯಲ್ಲಿ ಸಾಲು ಹಲ್ಲು ಮುತ್ತಿನಂತಿದ್ದವು.

ಅಲ್ಲ, ಎಂದಿತು ಮನಸ್ಸು. ಇವಳಲ್ಲ.

ಗಂಗೂಳ ಎಡಗಣ್ಣಿನ ರೆಪ್ಪೆ ಒಂದಿಷ್ಟು ಇಳಿದಿತ್ತು, ನಿದ್ದೆಗಣ್ಣಿನವಳಂತೆ. ಕಟ್ಟೆಯಿಂದ ಬಿದ್ದು ಮುಂದಿನ ಹಲ್ಲಿನ ತುದಿ ಮುರಿದಿತ್ತು. 'ಸಕ್ಕರಿ' ಅನ್ನುವಾಗ ಆ ಸಂದಿಯಿಂದ ಗಾಳಿ ಹೋಗುತ್ತಿತ್ತು. ಹುಬ್ಬುಗಳ ನಡುವೆ, ಮಾತಾಡುವ ಮೊದಲು, ಸಣ್ಣದೊಂದು ಗೆರೆ ಬೀಳುತ್ತಿತ್ತು. ಏನಾದರೂ ಕೇಳಬೇಕೆಂದಾಗಲೆಲ್ಲ ಬೀಳುತ್ತಿತ್ತು. ಇವೆಲ್ಲ ಒಂದರ ಹಿಂದೊಂದು ಬಂದವು, ಯಾರೋ ಎದುರು ಕೂತು ಹೇಳುತ್ತಿದ್ದಾರೆನ್ನುವ ಹಾಗೆ. ಆಕೆ ತನ್ನದೇ ಚಿತ್ರವನ್ನು, ಬೂಸಲು ತಿಂದದ್ದನ್ನು, ತೆರೆದಳು. ಇಳಿದ ರೆಪ್ಪೆ ಅಲ್ಲಿತ್ತು. ಮುರಿದ ಹಲ್ಲಿತ್ತು. ಗೆರೆ ಇತ್ತು. ಬೆಳಿಗ್ಗೆ ಪರರ ಕೂಸಿನಂತೆ ಕಂಡವಳು ಈಗ ಏನೋ ಕೇಳಲೆಂದು ತಾಯಿಯ ಮುಖ ನೋಡುತ್ತಿದ್ದಳು.

ರೈಲಿನಲ್ಲಿ ಪಕ್ಕದ ಹೆಂಗಸು ಆಕೆಯ ಮುಖ ನೋಡಿ ತಾನೆದ್ದು ಕೂರಲು ಜಾಗ ಕೊಟ್ಟಳು. ವಾಡಿ ಬರುವವರೆಗೆ ನಾಗರತ್ನಾ ಸೆರಗಿನಿಂದ ಬಾಯಿ ಮುಚ್ಚಿಕೊಂಡು ಅತ್ತಳು.

ಮನೆಗೆ ಬಂದಾಗ ಬಸವಂತರಾಯ ದೀಪ ಕೂಡ ಹಾಕದೆ ಪಡಸಾಲೆಯಲ್ಲಿ ಕೂತಿದ್ದ. ಆತನೂ ಗುಂಪಿನ ಫೋಟೊ ನೋಡಿ, ಫೋನು ಬಂದ್ ಮಾಡಿ ಇಟ್ಟಿದ್ದ.

"ಸಂಗೂ ಯಾರ್ನ ಹಾಕ್ಯಾನ?" ಎಂದು ಕೇಳಿದ. "ನಮ್ಮ ಗಂಗೂನ ಹಲ್ಲು ಮುರಿದಿತ್ತಲ್ಲ."

ಅಷ್ಟು ವರ್ಷಗಳ ಮೇಲೆ ಆ ಹೆಸರು ಆತನ ಬಾಯಿಂದ ಬಂದದ್ದನ್ನು ಕೇಳಿ ನಾಗರತ್ನಾ ಚೀಲವನ್ನು ಹೆಗಲಿಂದ ಇಳಿಸುವುದನ್ನೂ ಮರೆತು ನಿಂತಳು. ಹೌದು, ಮುರಿದಿತ್ತು ಎಂದಳು. ಕಟ್ಟೆಯಿಂದ ಬಿದ್ದ ದಿನ ತಾನು ಡ್ಯೂಟಿಯಲ್ಲಿದ್ದೆ, ಕೌಂಟರ್ ಮುಚ್ಚಿ ಓಡಿ ಬಂದಿದ್ದೆ, ಕೂಸು ರಕ್ತದ ಬಾಯಲ್ಲೇ ನಗುತ್ತಿತ್ತು ಎಂದು ಆತ ಹೇಳಿದ. ಬಿದ್ದದ್ದು ಗೊತ್ತಿತ್ತು, ಹೀಗೆ ನಕ್ಕದ್ದು ಆಕೆಗೆ ಗೊತ್ತೇ ಇರಲಿಲ್ಲ. ಆ ಹೊತ್ತಿಗೆ ಆಕೆ ತವರಿಗೆ ಹೋಗಿದ್ದಳು. ಇನ್ನೂ ಏನೇನೋ ಹೇಳಿದ.

ಮಗನಿಗೆ ಆಕೆಯೇ ಫೋನು ಹಚ್ಚಿದಳು. ಅವನ ದನಿಯಲ್ಲಿ ಹಿಗ್ಗಿತ್ತು. ಮುಖ ಸರಿಮಾಡುವ ಬೇರೊಂದು ಆ್ಯಪ್ ಸಿಕ್ಕಿತು, ಅದು ಹಾಳಾದ ಜಾಗವನ್ನು ತಾನೇ ತುಂಬಿಕೊಡುತ್ತದೆ, ಎಲ್ಲರಿಗೂ ಎಷ್ಟು ಹಿಡಿಸಿತು ನೋಡಿದೆಯಾ ಎಂದ. ಅದನ್ನು ಗುಂಪಿನಿಂದ ತೆಗೆದುಬಿಡು ಎಂದಳು.

"ಯಾಕವ್ವ, ಛಲೋ ಬಂದಿಲ್ಲೇನು?"

"ಛಲೋ ಬಂದಾದಪ್ಪ. ಆದ್ರ ಅದು ನಿಮ್ಮಕ್ಕ ಅಲ್ಲ. ಅದು ಆ್ಯಪ್ ಮಾಡಿದ ಕೂಸು."

ಅವನಿಗೆ ಬೇಸರವಾಯಿತೇನೋ ಎಂದು ಆಕೆ ಇನ್ನೇನೋ ಹೇಳಹೋಗುವಷ್ಟರಲ್ಲಿ ಅವನೇ ಮಾತಾಡಿದ.

"ನಾ ಆಕೀನ ನೋಡೇ ಇಲ್ಲಲ್ಲವ್ವ. ನೀವು ಯಾರೂ ಏನೂ ಹೇಳಲಿಲ್ಲ. ಆಕಿ ಹೆಂಗಿದ್ಳು ಅಂತ ನಂಗ ಹೆಂಗ ಗೊತ್ತಾಗ್ಬೇಕು?"

ಈ ಪ್ರಶ್ನೆ ಅವನಲ್ಲಿ ಎಷ್ಟು ವರ್ಷದಿಂದ ಇತ್ತೋ. ಸಣ್ಣವನಿದ್ದಾಗ ಒಂದೆರಡು ಸಲ ಅಕ್ಕನ ಬಗ್ಗೆ ಕೇಳಿದಾಗ ಮನೆಯ ಎಲ್ಲರೂ ಮುಖ ತಿರುಗಿಸಿದ್ದರು, ಆಮೇಲೆ ಅವನು ಕೇಳುವುದನ್ನೇ ಬಿಟ್ಟಿದ್ದ. ನಾಗರತ್ನಾ ಗಂಡನ ಕಡೆ ನೋಡಿದಳು. ಆತ ಕೇಳಿಸಿಕೊಂಡಿದ್ದ, ತಲೆಯಾಡಿಸಿದ.

"ರವಿವಾರ ಬಾ," ಎಂದಳು ಮಗನಿಗೆ. "ನಿಮ್ಮಪ್ಪ ಹೇಳ್ತಾರ."

ಶನಿವಾರ ಆಕೆ ಶಾಲೆ ಬಿಟ್ಟ ಮೇಲೆ ಚಿತ್ತಾಪುರದ ಬಸ್ ಸ್ಟ್ಯಾಂಡಿನ ಹತ್ತಿರ ಮೆಹತಾಬನ ಕಲರ್ ಪ್ರಿಂಟಿನ ಅಂಗಡಿಗೆ ಹೋಗಿ ಚಿತ್ರ ಕೊಟ್ಟಳು. ಮೆಹತಾಬ್ ಕಂಪ್ಯೂಟರಿನಲ್ಲಿ ತೆರೆದು ನೋಡಿ, ಕಲೆ ಬಹಳವಿದೆ, ಕೂತುಕೊಳ್ಳಿರಿ, ಅಳಿಸಿಕೊಡುತ್ತೇನೆ ಎಂದ. ಬೇಡ, ಇದ್ದ ಹಾಗೇ ತೆಗೆಯಿರಿ ಎಂದಳು. ಆತ ಮತ್ತೊಮ್ಮೆ ಕೇಳಿದ. ಆಕೆ ಮತ್ತೊಮ್ಮೆ ಬೇಡವೆಂದಳು. ಪ್ರಿಂಟಿನಲ್ಲಿ ಬಣ್ಣ ಫೋನಿನಲ್ಲಿದ್ದಷ್ಟು ಬರಲಿಲ್ಲ, ಒಂದಿಷ್ಟು ಮಬ್ಬಾಗಿತ್ತು. ಮರಳಿ ತೆಗೆಸುವಷ್ಟು ತ್ರಾಣ ಆಕೆಯಲ್ಲಿರಲಿಲ್ಲ. ಇಷ್ಟು ಸಾಕೆಂದು ತಂದಳು.

ಸಂಗಮೇಶ್ವರ ರವಿವಾರ ಬೆಳಗಿನ ಬಸ್ಸಿಗೆ ಚಿಂಚೋಳಿಯಿಂದ ಹೊರಟು ಊಟದ ಹೊತ್ತಿಗೆ ಬಂದ. ಫೋಟೊವನ್ನು ಕೈಯಲ್ಲಿ ಹಿಡಿದು ಬಹಳ ಹೊತ್ತು ನೋಡಿದ. ಕಲೆಯ ಅಂಚಿನ ಮೇಲೆ ಬೆರಳಾಡಿಸಿ, ಹಲ್ಲು ಮುರಿದದ್ದೆಂದು ತನಗೆ ತಿಳಿದಿರಲಿಲ್ಲ, ಅದೂ ಫಿಲ್ಮಿನ ದೋಷವೆಂದುಕೊಂಡಿದ್ದೆ ಎಂದ. ಬಸವಂತರಾಯ ಮಗನ ಪಕ್ಕದಲ್ಲಿ ಕೂತು, ಅದು ಹೇಗೆ ಮುರಿಯಿತೆಂಬಲ್ಲಿಂದ ಶುರು ಮಾಡಿದ. ಒಂದು ಹೇಳುವಾಗ ಇನ್ನೊಂದು ನೆನಪಾಗಿ ಹಿಂದೆ ಹೋಗುತ್ತಿದ್ದ. ಮಗ ನಡುನಡುವೆ ಕೇಳುತ್ತಿದ್ದ: ಆಕೆ ಏನು ತಿನ್ನುತ್ತಿದ್ದಳು, ಯಾರಿಗೆ ಹೆದರುತ್ತಿದ್ದಳು, ತಾನು ಹುಟ್ಟುತ್ತೇನೆಂದು ಆಕೆಗೆ ಗೊತ್ತಿತ್ತೇ. ಗೊತ್ತಿತ್ತು ಎಂದ ಬಸವಂತರಾಯ. ಅವ್ವನ ಹೊಟ್ಟೆಗೆ ಬಾಯಿ ಹಚ್ಚಿ ಹೊರಗೆ ಬಾ ಎಂದು ಕರೆಯುತ್ತಿದ್ದಳು ಎಂದ.

ನಾಗರತ್ನಾ ಎಲ್ಲವನ್ನೂ ಕೇಳಬೇಕೆಂದು ಗೋಡೆಗೆ ಒರಗಿ ಕೂತಿದ್ದಳು. ವಾರಗಟ್ಟಲೆ ಬೆಳಗಿನ ನಿದ್ದೆ ಕೆಟ್ಟಿತ್ತು, ಮೊಣಕಾಲು ನೋಯುತ್ತಿತ್ತು, ಇನ್ನೊಂದು ಕಟ್ಟು ಉತ್ತರಪತ್ರಿಕೆ ತಿದ್ದುವುದು ಬಾಕಿಯಿತ್ತು. ತಂದೆ ಮಗನ ಮಾತು ಸಣ್ಣಗೆ ಸಾಗುತ್ತಲೇ ಇತ್ತು. ಆಕೆಗೆ ಯಾವಾಗ ಕಣ್ಣು ಮುಚ್ಚಿತೋ ತಿಳಿಯಲಿಲ್ಲ. ಸಂಗಮೇಶ್ವರ ಎದ್ದು ತಲೆಯ ಕೆಳಗೆ ದಿಂಬು ಕೊಟ್ಟು, ಫ್ಯಾನು ಹಾಕಿ, ಮತ್ತೆ ಅಪ್ಪನ ಹತ್ತಿರ ಹೋಗಿ ಕೂತ. ಸಂಜೆಯವರೆಗೆ ಆಕೆಯನ್ನು ಯಾರೂ ಎಬ್ಬಿಸಲಿಲ್ಲ.